ಲ್ಯಾಕ್ಸ್‌ಟನ್: ಹೊಲಗಳಿಗೆ ಬೇಲಿ ಹಾಕದ ಇಂಗ್ಲಿಷ್ ಹಳ್ಳಿ – ಪದೇ ಪದೇ ಕೇಳುವ ಪ್ರಶ್ನೆಗಳು

ಲ್ಯಾಕ್ಸ್‌ಟನ್ ಎಲ್ಲಿದೆ?

ಇಂಗ್ಲೆಂಡಿನ ನಾಟಿಂಗ್‌ಹ್ಯಾಂಶೈರ್ ಕೌಂಟಿಯಲ್ಲಿ. ನ್ಯೂವಾರ್ಕ್ ಮತ್ತು ರೆಟ್‌ಫರ್ಡ್ ಪಟ್ಟಣಗಳ ನಡುವೆ, ಶೆರ್‌ವುಡ್ ಕಾಡಿನ ಪೂರ್ವಕ್ಕೆ. ಪಕ್ಕದಲ್ಲೇ ಟಕ್ಸ್‌ಫರ್ಡ್, ಆಲರ್ಟನ್ ಎಂಬ ಸಣ್ಣ ಪೇಟೆಗಳಿವೆ. ಜನಸಂಖ್ಯೆ ಸುಮಾರು 250. ನಾರ್ಥಾಂಪ್ಟನ್‌ಶೈರ್‌ನಲ್ಲಿ ಒಂದು, ಯಾರ್ಕ್‌ಶೈರ್‌ನಲ್ಲಿ ಇನ್ನೊಂದು ಲ್ಯಾಕ್ಸ್‌ಟನ್ ಇದೆ. ಮ್ಯಾಪಿನಲ್ಲಿ ಹುಡುಕುವಾಗ ಕೌಂಟಿಯ ಹೆಸರನ್ನೂ ಸೇರಿಸಿ. ಇಲ್ಲದಿದ್ದರೆ ಸುಮ್ನೆ ಎಲ್ಲೋ ಹೋಗಿ ಇಳಿಯುತ್ತೀರಿ.

250 ಜನರ ಊರಿನಲ್ಲಿ ನೋಡೋದಕ್ಕೆ ಏನಿದೆ?

ಹೊಲ ಇದೆ. ಹೊಲವೇ ವಿಶೇಷ.

ಮಧ್ಯಯುಗದ ಇಂಗ್ಲೆಂಡಿನಲ್ಲಿ, ಅದರಲ್ಲೂ ನಡುನಾಡಿನಲ್ಲಿ, ಸಾವಿರಾರು ಹಳ್ಳಿಗಳು ಒಂದೇ ರೀತಿಯಲ್ಲಿ ಬೇಸಾಯ ಮಾಡುತ್ತಿದ್ದವು. ಊರಿನ ಸುತ್ತ ಎರಡೋ ಮೂರೋ ದೊಡ್ಡ ಬಯಲು. ಒಂದೊಂದು ಬಯಲಿನಲ್ಲೂ ಉದ್ದುದ್ದ ಪಟ್ಟೆಗಳು. ಒಬ್ಬ ರೈತನಿಗೆ ಇಲ್ಲೊಂದು ಪಟ್ಟೆ, ಅಲ್ಲೊಂದು ಪಟ್ಟೆ. ನಡುವೆ ಬೇಲಿ ಇಲ್ಲ, ಗೋಡೆ ಇಲ್ಲ. ಯಾವ ಬಯಲಿನಲ್ಲಿ ಈ ವರ್ಷ ಏನು ಬೆಳೆಯಬೇಕು, ಯಾವಾಗ ಕುರಿ ಬಿಡಬೇಕು ಅನ್ನೋದನ್ನು ಊರೇ ಸೇರಿ ತೀರ್ಮಾನಿಸುತ್ತಿತ್ತು. ಈ ಪದ್ಧತಿ ಬೇರೆಲ್ಲ ಕಡೆ ಹೋಯ್ತು. ಲ್ಯಾಕ್ಸ್‌ಟನ್‌ನಲ್ಲಿ ಇವತ್ತಿಗೂ ನಡೆಯುತ್ತಿದೆ. ಜೊತೆಗೆ ಅದನ್ನು ನೋಡಿಕೊಳ್ಳುವ ಊರಿನ ನ್ಯಾಯಸಭೆಯೂ ಉಳಿದಿದೆ.

ಡೆವನ್‌ನ ಬ್ರಾಂಟನ್‌ನಲ್ಲಿ, ಲಿಂಕನ್‌ಶೈರ್‌ನ ಆಕ್ಸ್‌ಹೋಮ್ ಸೀಮೆಯಲ್ಲಿ ಇಂಥ ಬಯಲುಗಳ ಉಳಿಕೆ ಕಾಣಸಿಗುತ್ತದೆ. ಆದರೆ ಬಯಲು, ಬೆಳೆ ಸರದಿ, ದಂಡ ಹಾಕುವ ಸಭೆ, ಮೂರೂ ಒಟ್ಟಿಗೆ ಉಳಿದಿರುವುದು ಇಲ್ಲಿ ಮಾತ್ರ.

ಬೇಲಿ ಇಲ್ಲದಿದ್ದರೆ ಯಾರ ಹೊಲ ಯಾವುದು ಅಂತ ಹೇಗೆ ಗೊತ್ತಾಗುತ್ತದೆ?

ಪಟ್ಟೆಯ ಮೂಲೆಯಲ್ಲಿ ಮರದ ಗೂಟ ಇರುತ್ತದೆ. ಪಟ್ಟೆಗಳನ್ನು ತಲುಪಲು ಹುಲ್ಲಿನ ದಾರಿಗಳಿವೆ. ಉಳಿದದ್ದು ರೂಢಿ. ಅಪ್ಪನೋ ಅಜ್ಜನೋ ಉತ್ತ ಸಾಲು ಎಲ್ಲಿ ನಿಲ್ಲುತ್ತಿತ್ತು ಅನ್ನೋದು ಎಲ್ಲರಿಗೂ ನೆನಪಿರುತ್ತದೆ. ಪಕ್ಕದವನಿಗಂತೂ ಚೆನ್ನಾಗಿ ನೆನಪಿರುತ್ತದೆ!

ಒತ್ತುವರಿ ಆಗುವುದಿಲ್ಲವೇ ಅಂದರೆ, ಆಗುತ್ತದೆ. ವರ್ಷಕ್ಕೆ ಅರ್ಧ ಅಡಿ ನೇಗಿಲು ಆಚೆ ಸರಿದರೆ ಯಾರಿಗೂ ಕಾಣುವುದಿಲ್ಲ. ಹತ್ತು ವರ್ಷ ಬಿಟ್ಟು ನೋಡಿದರೆ ಹುಲ್ಲಿನ ದಾರಿಯೇ ಕಾಣೆಯಾಗಿರುತ್ತದೆ. ಊರಿನ ನ್ಯಾಯಸಭೆಗೆ ಇವತ್ತಿಗೂ ಕೆಲಸ ಇರುವುದು ಇದರಿಂದಲೇ.

ಒಬ್ಬನ ಜಮೀನನ್ನು ಒಂದೇ ಕಡೆ ಕೊಡದೆ ಯಾಕೆ ಚೂರು ಚೂರು ಮಾಡಿದರು?

ಇತಿಹಾಸಕಾರರು ಇದರ ಬಗ್ಗೆ ನೂರು ವರ್ಷದಿಂದ ಜಗಳ ಆಡುತ್ತಿದ್ದಾರೆ. ಒಳ್ಳೆ ಮಣ್ಣು, ಕೆಟ್ಟ ಮಣ್ಣು ಎರಡೂ ಎಲ್ಲರಿಗೂ ಸಿಗಲಿ ಎಂಬುದು ಒಂದು ವಿವರಣೆ. ತಗ್ಗಿನಲ್ಲಿ ನೀರು ನಿಂತು ಬೆಳೆ ಕೊಳೆತರೂ ದಿಬ್ಬದ ಮೇಲಿನ ಪಟ್ಟೆ ಕೈಹಿಡಿಯುತ್ತದೆ ಎಂಬುದು ಇನ್ನೊಂದು. ಮೂರನೆಯದು ನೇಗಿಲಿನ ಲೆಕ್ಕ. ಒಂದು ನೇಗಿಲು, ಅದನ್ನು ಎಳೆಯಲು ಹಲವರಿಂದ ಸೇರಿಸಿದ ಎತ್ತುಗಳು. ಒಂದು ದಿನ ಉತ್ತಷ್ಟು ನೆಲ ಒಬ್ಬನ ಪಾಲು, ಮರುದಿನದ್ದು ಮತ್ತೊಬ್ಬನದು. ಹೀಗೆ ಸರದಿಯಲ್ಲಿ ಸಾಗಿದರೆ ಪಟ್ಟೆಗಳು ತಾನಾಗಿಯೇ ಚದುರಿಹೋಗುತ್ತವೆ.

ಲ್ಯಾಕ್ಸ್‌ಟನ್‌ನ ಮಣ್ಣು ಭಾರವಾದ ಜೇಡಿ. ಮಳೆ ಬಂದರೆ ಕಾಲು ಕೀಳಲು ಆಗುವುದಿಲ್ಲ. ಅಂಥ ನೆಲದಲ್ಲಿ ಎತ್ತಿನ ದೊಡ್ಡ ಹಿಂಡನ್ನು ತಿರುಗಿಸುವುದು ಕಷ್ಟ. ಸಾಲು ಉದ್ದವಾದಷ್ಟೂ ತಿರುಗಿಸುವ ಕೆಲಸ ಕಡಿಮೆ. ಪಟ್ಟೆಗಳು ಅಗಲ ಕಡಿಮೆಯಾಗಿ ಉದ್ದ ಜಾಸ್ತಿಯಾದದ್ದು ಅದಕ್ಕೇ. ನನಗೆ ಮೂರನೆಯ ವಿವರಣೆಯೇ ಹೆಚ್ಚು ಸರಿ ಅನ್ನಿಸುತ್ತದೆ. ನ್ಯಾಯ, ಸಮಪಾಲು ಎಂಬ ಮಾತೆಲ್ಲ ಆಮೇಲೆ ಸೇರಿಕೊಂಡಿರಬಹುದು.

ಬೆಳೆ ಸರದಿ ಹೇಗೆ?

ಬಯಲುಗಳು ಮೂರು: ಪಶ್ಚಿಮದ ಬಯಲು, ದಕ್ಷಿಣದ ಬಯಲು, ಗಿರಣಿ ಬಯಲು. ಒಂದು ವರ್ಷ ಚಳಿಗಾಲಕ್ಕೆ ಮುಂಚೆ ಬಿತ್ತುವ ಗೋಧಿ. ಮರುವರ್ಷ ವಸಂತದಲ್ಲಿ ಬಿತ್ತುವ ಬಾರ್ಲಿಯಂಥ ಬೆಳೆ. ಮೂರನೆಯ ವರ್ಷ ಬೀಳು. ಯಾವುದೇ ವರ್ಷ ನೋಡಿದರೂ ಒಂದು ಬಯಲು ಗೋಧಿಯಲ್ಲಿ, ಒಂದು ವಸಂತದ ಬೆಳೆಯಲ್ಲಿ, ಒಂದು ವಿಶ್ರಾಂತಿಯಲ್ಲಿ ಇರುತ್ತದೆ. ಈಗ ಬೀಳು ನೆಲವನ್ನು ಪೂರ್ತಿ ಖಾಲಿ ಬಿಡುವುದು ಕಡಿಮೆ. ದನಕ್ಕೆ ಮೇವಿನ ಬೆಳೆ ಹಾಕುತ್ತಾರೆ.

ಹಿಂದೆ ಕಟಾವು ಮುಗಿದ ಮೇಲೆ ಇಡೀ ಬಯಲು ಊರ ದನ, ಕುರಿಗಳಿಗೆ ತೆರೆದುಕೊಳ್ಳುತ್ತಿತ್ತು. ಹಾಗಾಗಿ ಒಬ್ಬ ರೈತ ತಡವಾಗಿ ಕೊಯ್ದರೆ ಎಲ್ಲರ ಕುರಿಯೂ ಕಾಯಬೇಕಾಗುತ್ತಿತ್ತು. ಒಬ್ಬ ಬೇರೆ ಬೆಳೆ ಹಾಕಿದರೆ ಇಡೀ ಸರದಿ ಕೆಡುತ್ತಿತ್ತು. ನನ್ನ ಹೊಲ ನನ್ನಿಷ್ಟ ಅನ್ನುವ ಮಾತಿಗೆ ಇಲ್ಲಿ ಜಾಗ ಇರಲಿಲ್ಲ.

ಇಂಗ್ಲೆಂಡಿನ ಉಳಿದ ಊರುಗಳಲ್ಲಿ ಈ ಪದ್ಧತಿ ಯಾಕೆ ಹೋಯ್ತು?

ಬೇಲಿ ಹಾಕಿದ್ದರಿಂದ. ಚದುರಿದ ಪಟ್ಟೆಗಳನ್ನು ಒಟ್ಟುಗೂಡಿಸಿ, ಊರ ಗೋಮಾಳವನ್ನೂ ಸೇರಿಸಿ, ಒಬ್ಬೊಬ್ಬ ಮಾಲೀಕನಿಗೂ ಒಂದೊಂದು ಕಡೆ ಪಾಲು ಕೊಟ್ಟು ಸುತ್ತ ಬೇಲಿ ಹಾಕುವುದು. ಮೊದಮೊದಲು ಊರಿನವರೇ ಒಪ್ಪಂದ ಮಾಡಿಕೊಂಡು ಮಾಡುತ್ತಿದ್ದರು. ಆಮೇಲೆ ಪಾರ್ಲಿಮೆಂಟಿನಲ್ಲಿ ಒಂದೊಂದು ಊರಿಗೂ ಒಂದೊಂದು ಕಾಯ್ದೆ ಮಾಡಿಸುವುದು ಶುರುವಾಯಿತು. 1604ರಿಂದ 1914ರವರೆಗೆ ಹೀಗೆ 5,200ಕ್ಕೂ ಹೆಚ್ಚು ಕಾಯ್ದೆಗಳು ಬಂದವು. ಸುಮಾರು 68 ಲಕ್ಷ ಎಕರೆ, ಅಂದರೆ ಇಂಗ್ಲೆಂಡಿನ ನೆಲದ ಐದನೇ ಒಂದು ಭಾಗಕ್ಕಿಂತ ಜಾಸ್ತಿ. ಹೆಚ್ಚಿನವು 1750ರಿಂದ 1850ರ ನಡುವಿನವು.

ದೊಡ್ಡ ಜಮೀನ್ದಾರರಿಗೆ ಲಾಭವಾಯಿತು. ಗೇಣಿ ಏರಿತು, ಹೊಸ ಬೆಳೆ, ಹೊಸ ತಳಿಯ ಕುರಿ ಬಂದವು. ಆದರೆ ಗೋಮಾಳದಲ್ಲಿ ಒಂದು ಹಸು ಮೇಯಿಸಿಕೊಂಡು, ಸೌದೆ ಆಯ್ದುಕೊಂಡು ಬದುಕುತ್ತಿದ್ದವನ ಕೈಗೆ ಬಂದದ್ದು ಸಣ್ಣ ತುಂಡು ನೆಲ. ಅದಕ್ಕೆ ಬೇಲಿ ಹಾಕುವ ಖರ್ಚೂ ಅವನದೇ. ಎಷ್ಟೋ ಜನ ಅದನ್ನು ಮಾರಿ ಕೂಲಿಗೆ ಹೋದರು.

ಕ್ಯಾಲೆಂಡರ್ ಚಿತ್ರಗಳಲ್ಲಿ ಹಸಿರು ಬೇಲಿಗಳ ನಡುವೆ ಚೌಕ ಚೌಕ ಹೊಲಗಳ ಇಂಗ್ಲೆಂಡ್ ಕಾಣುತ್ತದಲ್ವಾ? ಅನಾದಿ ಕಾಲದ್ದು ಅಂತ ನಾವು ಅಂದುಕೊಳ್ಳುತ್ತೇವೆ. ನಡುನಾಡಿನ ಮಟ್ಟಿಗೆ ಅದರಲ್ಲಿ ಬಹುಪಾಲು ಇನ್ನೂರು, ಇನ್ನೂರೈವತ್ತು ವರ್ಷದ ಈಚಿನದು. ಅದಕ್ಕಿಂತ ಹಳೆಯ ನೋಟ ಬೇಕೆಂದರೆ ಲ್ಯಾಕ್ಸ್‌ಟನ್‌ನ ಬೋಳು ಬಯಲನ್ನು ನೋಡಬೇಕು. ಫೋಟೋಗೆ ಅದು ಅಷ್ಟು ಚೆಂದ ಬರುವುದಿಲ್ಲ ಅನ್ನೋದು ಬೇರೆ ಮಾತು.

ಹಾಗಾದರೆ ಲ್ಯಾಕ್ಸ್‌ಟನ್ ಯಾಕೆ ಉಳಿಯಿತು? ಊರಿನವರು ಹೋರಾಡಿದರಾ?

ಇಲ್ಲ. ಈ ಪ್ರಶ್ನೆ ಕೇಳುವವರಿಗೆ ಒಂದು ವೀರಗಾಥೆ ಬೇಕಿರುತ್ತದೆ. ನಡೆದದ್ದು ಅದಲ್ಲ.

ಊರಿನ ಜಮೀನು ಇಬ್ಬರು ದೊಡ್ಡ ಮಾಲೀಕರ ನಡುವೆ ಹಂಚಿಹೋಗಿತ್ತು. ಹೆಚ್ಚಿನ ಪಾಲು ಪಿಯರ್‌ಪಾಂಟ್ ಮನೆತನದ್ದು. ಇವರೇ ಮುಂದೆ ಅರ್ಲ್ (ಕುಲೀನರಿಗೆ ಕೊಡುವ ಬಿರುದು) ಮ್ಯಾನ್ವರ್ಸ್ ಆದರು. ಇನ್ನೊಂದು ಪಾಲು ಅರ್ಲ್ ಆಫ್ ಸ್ಕಾರ್ಬರೋ ಅವರದು. ಬೇಲಿ ಹಾಕಬೇಕಾದರೆ ಇಬ್ಬರೂ ಒಪ್ಪಬೇಕು. ಮಾತುಕತೆ ನಡೆಯಿತು, ಕೂಡಿಬರಲಿಲ್ಲ. 19ನೇ ಶತಮಾನದ ಕೊನೆಗೆ ಬೇಸಾಯದ ಬೆಲೆಗಳು ಕುಸಿದು, ಬೇಲಿಗೆ ಹಣ ಸುರಿಯಲು ಯಾರಿಗೂ ಮನಸ್ಸಿರಲಿಲ್ಲ. ಅಷ್ಟರಲ್ಲಿ ಕಾಲ ಬದಲಾಗಿತ್ತು. ಬೇರೆಲ್ಲೂ ಉಳಿಯದ ಪದ್ಧತಿ ಇಲ್ಲಿ ಉಳಿದಿದೆ ಎಂದು ವಿದ್ವಾಂಸರು ಬಂದು ನೋಡಲು ಶುರುಮಾಡಿದ್ದರು.

ಹಾಗಂತ ಎಲ್ಲವೂ ಉಳಿದಿಲ್ಲ. ಶತಮಾನಗಳಿಂದ ಅಂಚು ಅಂಚಿನಲ್ಲಿ ಬೇಲಿ ಬಂದಿದೆ. 20ನೇ ಶತಮಾನದ ಮೊದಲ ವರ್ಷಗಳಲ್ಲಿ ಮ್ಯಾನ್ವರ್ಸ್ ಎಸ್ಟೇಟ್ ತೀರಾ ಸಣ್ಣ ಪಟ್ಟೆಗಳನ್ನು ಕೂಡಿಸಿ ದೊಡ್ಡದು ಮಾಡಿತು. ಈಗ ಉಳಿದಿರುವ ಬಯಲು ಒಟ್ಟು ಸುಮಾರು 480 ಎಕರೆ. ಮಧ್ಯಯುಗ ಹಾಗೇ ಉಳಿದುಬಿಟ್ಟಿದೆ ಅಂತ ಪ್ರವಾಸಿ ಕರಪತ್ರದಲ್ಲಿ ಬರೆದರೆ ನಂಬಬೇಡಿ. ಉಳಿದಿರುವುದು ಪದ್ಧತಿ. ಪಟ್ಟೆಗಳ ಅಳತೆ ಬದಲಾಗಿದೆ, ಎತ್ತಿನ ಜಾಗಕ್ಕೆ ಟ್ರಾಕ್ಟರ್ ಬಂದಿದೆ.

ಕೋರ್ಟ್ ಲೀಟ್ ಅಂದರೆ ಏನು?

ಮೇನರ್, ಅಂದರೆ ಜಮೀನ್ದಾರಿಕೆಗೆ ಸೇರಿದ ಊರ ನ್ಯಾಯಸಭೆ. ಹಿಂದೆ ಇಂಗ್ಲೆಂಡಿನ ಊರೂರಲ್ಲೂ ಇತ್ತು. ಸಣ್ಣಪುಟ್ಟ ಕಳ್ಳತನ, ಜಗಳ, ತೂಕದಲ್ಲಿ ಮೋಸ, ದನ ನುಗ್ಗಿದ್ದು, ಎಲ್ಲವೂ ಅಲ್ಲೇ ತೀರ್ಮಾನ. ಕಾಲಕ್ರಮೇಣ ಸರ್ಕಾರಿ ಕೋರ್ಟುಗಳು ಬಂದು ಅವು ಸತ್ತುಹೋದವು, ಅಥವಾ ವರ್ಷಕ್ಕೊಂದು ಊಟದ ಕೂಟವಾಗಿ ಉಳಿದವು. ಲ್ಯಾಕ್ಸ್‌ಟನ್‌ನ ಸಭೆ ಮಾತ್ರ ಹೊಲದ ವಿಷಯಕ್ಕೆ ಇವತ್ತಿಗೂ ಕೂರುತ್ತದೆ. ಕೂರುವ ಜಾಗ ಊರಿನ ಪಬ್, ಹೆಸರು ಡವ್‌ಕೋಟ್ ಇನ್.

ಅಧ್ಯಕ್ಷತೆ ಸ್ಟೀವರ್ಡ್‌ನದು. ಅವರು ಜಮೀನ್ದಾರನ ಪರವಾಗಿ ಬರುವ ವಕೀಲರು. ಬೇಲಿಫ್ ಎಂಬ ಸಭೆಯ ಅಧಿಕಾರಿ ಕೂಗಿ ಸಭೆ ಶುರುಮಾಡುತ್ತಾನೆ. ಆದರೆ ನಿಜವಾದ ಅಧಿಕಾರ ಜ್ಯೂರಿಯದು. ಊರಿನ ರೈತರಿಂದಲೇ ಆರಿಸಿದ ಸುಮಾರು ಹನ್ನೆರಡು ಮಂದಿ, ಅವರಿಗೊಬ್ಬ ಮುಖಂಡ.

ಜ್ಯೂರಿ ದಿನ ಏನು ನಡೆಯುತ್ತದೆ?

ನವೆಂಬರ್ ಕೊನೆಯ ಹೊತ್ತಿಗೆ, ಗೋಧಿ ಬಿತ್ತಿದ ಮೇಲೆ, ಜ್ಯೂರಿ ಆ ವರ್ಷದ ಗೋಧಿ ಬಯಲಿಗೆ ಹೋಗುತ್ತದೆ. ಟ್ರಾಕ್ಟರ್ ಟ್ರೈಲರ್‌ನಲ್ಲಿ ಗೂಟಗಳ ರಾಶಿ, ಸುತ್ತಿಗೆ, ಬೂಟು ಹಾಕಿಕೊಂಡ ಜನ. ಆ ದಿನಗಳಲ್ಲಿ ಅಲ್ಲಿನ ಹವೆ ಹೇಗಿರುತ್ತದೆ ಅಂತ ಇಂಗ್ಲೆಂಡಿನಲ್ಲಿ ಒಂದು ಚಳಿಗಾಲ ಕಳೆದವರಿಗೆ ಹೇಳಬೇಕಿಲ್ಲ. ಪಟ್ಟೆ ಪಟ್ಟೆಯ ತುದಿಗೆ ನಿಂತು ನೋಡುತ್ತಾರೆ. ಗೂಟ ಬಿದ್ದಿದ್ದರೆ ಹೊಸದು ಹೊಡೆಯುತ್ತಾರೆ. ಉಳುಮೆ ಹುಲ್ಲಿನ ದಾರಿಗೆ ನುಗ್ಗಿದೆಯಾ, ಪಕ್ಕದ ಪಟ್ಟೆಗೆ ಸರಿದಿದೆಯಾ, ಕಾಲುವೆ ಮುಚ್ಚಿಹೋಗಿದೆಯಾ ಅಂತ ಗುರುತು ಹಾಕಿಕೊಳ್ಳುತ್ತಾರೆ. ನಂತರ ಪಬ್‌ಗೆ ಬಂದು ಊಟ. ಯಾರಿಗೆ ದಂಡ, ಎಷ್ಟು ಅನ್ನೋ ಚರ್ಚೆ ಅಲ್ಲೇ.

ಒಂದು ವಾರ ಬಿಟ್ಟು ಕೋರ್ಟ್ ಲೀಟ್ ಕೂರುತ್ತದೆ. ದಂಡ ಘೋಷಣೆಯಾಗುತ್ತದೆ. ಮುಂದಿನ ವರ್ಷ ಬೇರೆ ಬಯಲಿನ ಸರದಿ. ಅದಕ್ಕೆ ಹೊಸ ಜ್ಯೂರಿ ಪ್ರಮಾಣ ಮಾಡುತ್ತದೆ.

ಇದರಲ್ಲಿ ನನಗೆ ಹಿಡಿಸುವ ಅಂಶ ಒಂದಿದೆ. ತಪ್ಪು ಮಾಡಿದವನೂ ಜ್ಯೂರಿಯಲ್ಲಿ ಇರಬಹುದು. ತನ್ನದೇ ಉಳುಮೆಯ ಮುಂದೆ ನಿಂತು, ಅಕ್ಕಪಕ್ಕದವರು ಏನೂ ಮಾತಾಡದೆ ನೆಲ ನೋಡುತ್ತಿರುವಾಗ ಅವನಿಗೆ ಏನನ್ನಿಸಬಹುದು ಯೋಚಿಸಿ. ಸರ್ವೆಯವರನ್ನು ಕರೆಸಿ, ನೋಟಿಸ್ ಕೊಟ್ಟು, ಹತ್ತು ವರ್ಷ ಕೇಸು ನಡೆಸುವುದಕ್ಕಿಂತ ಇದು ಅಗ್ಗ. ಪರಿಣಾಮವೂ ಜಾಸ್ತಿ.

ಆ ದಂಡಕ್ಕೆ ಕಾನೂನಿನ ಬೆಲೆ ಇದೆಯಾ, ಇಲ್ಲ ಬರೀ ಆಚರಣೆಯಾ?

ಬೆಲೆ ಇದೆ. 1977ರಲ್ಲಿ ಬ್ರಿಟಿಷ್ ಪಾರ್ಲಿಮೆಂಟ್ ಒಂದು ಕಾಯ್ದೆ ತಂದು ಇಂಥ ಹಳೆಯ ನ್ಯಾಯಸಭೆಗಳ ಅಧಿಕಾರವನ್ನು ತೆಗೆದುಹಾಕಿತು. ಅದರಲ್ಲಿ ಲ್ಯಾಕ್ಸ್‌ಟನ್‌ನ ಹೆಸರು ಹೇಳಿಯೇ ವಿನಾಯಿತಿ ಕೊಟ್ಟಿದೆ. ದಂಡದ ಮೊತ್ತ ಚಿಕ್ಕದು, ನಾಲ್ಕು ಜನ ಕೂತು ಪಬ್‌ನಲ್ಲಿ ಕುಡಿಯುವ ಖರ್ಚಿಗಿಂತ ಹೆಚ್ಚೇನಲ್ಲ. ಚುಚ್ಚುವುದು ದುಡ್ಡಲ್ಲ, ಎಲ್ಲರ ಮುಂದೆ ಹೆಸರು ಓದುವುದು.

ಪಿಂಡರ್ ಯಾರು?

ದಾರಿತಪ್ಪಿ ಬಂದ ದನ, ಕುರಿಗಳನ್ನು ಹಿಡಿದು ದೊಡ್ಡಿಗೆ ಹಾಕುವವನು. ಸಭೆಯೇ ನೇಮಿಸುತ್ತದೆ. ಮಾಲೀಕ ದುಡ್ಡು ಕಟ್ಟಿ ಬಿಡಿಸಿಕೊಳ್ಳಬೇಕಿತ್ತು. ನಮ್ಮ ಹಳ್ಳಿಗಳಲ್ಲಿ ದನದ ದೊಡ್ಡಿ ನೋಡಿದ ಹಿರಿಯರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಊರಲ್ಲಿ ಹಳೆಯ ದೊಡ್ಡಿಯೂ ಇದೆ, ಹುದ್ದೆಯೂ ಉಳಿದಿದೆ. ಕೆಲಸ ಈಗ ಅಷ್ಟೇನೂ ಇಲ್ಲ.

1635ರ ನಕ್ಷೆ ಅಂತ ಎಲ್ಲರೂ ಹೇಳುತ್ತಾರಲ್ಲ, ಏನದು?

ಆಗ ಊರಿನ ಒಡೆಯ ಸರ್ ವಿಲಿಯಂ ಕೋರ್ಟನ್ ಎಂಬ ಲಂಡನ್ನಿನ ದೊಡ್ಡ ವ್ಯಾಪಾರಿ. ತಾನು ಕೊಂಡದ್ದು ಏನು ಅಂತ ಅವನಿಗೆ ಖಚಿತವಾಗಿ ಗೊತ್ತಾಗಬೇಕಿತ್ತು. ಮಾರ್ಕ್ ಪಿಯರ್ಸ್ ಎಂಬ ಸರ್ವೆಯವನಿಂದ ಇಡೀ ಊರನ್ನು ಅಳೆಸಿದ. ಒಂದೊಂದು ಪಟ್ಟೆಗೂ ಅಳತೆ, ಹಿಡುವಳಿದಾರನ ಹೆಸರು. ಜೊತೆಗೆ ವಿವರಗಳ ಪುಸ್ತಕ. ನಮ್ಮ ಲೆಕ್ಕದಲ್ಲಿ ಪಹಣಿ, ಸರ್ವೆ ನಕ್ಷೆ ಎರಡೂ ಒಟ್ಟಿಗೆ.

ಪಿಯರ್ಸ್ ಬರೀ ಗೆರೆ ಎಳೆದು ಬಿಡಲಿಲ್ಲ. ನಕ್ಷೆಯ ಮೇಲೆ ಸಣ್ಣ ಸಣ್ಣ ಚಿತ್ರಗಳಿವೆ. ಉಳುವವರು, ಕೊಯ್ಯುವವರು, ಬೇಟೆಗೆ ಹೊರಟವರು. ಒಂದು ಕಂದಾಯದ ದಾಖಲೆಯಲ್ಲಿ ಇದರ ಅಗತ್ಯ ಏನಿತ್ತು? ಅವನಿಗೆ ಖುಷಿಯಾಯ್ತು, ಬರೆದ. ಮೂಲ ಈಗ ಆಕ್ಸ್‌ಫರ್ಡಿನ ಬೋಡ್ಲಿಯನ್ ಲೈಬ್ರರಿಯಲ್ಲಿದೆ. ಈ ನಕ್ಷೆ ಕೈಲಿ ಹಿಡಿದು ಇವತ್ತಿನ ಬಯಲಿನಲ್ಲಿ ನಡೆಯಬಹುದು ಅನ್ನೋದೇ ಲ್ಯಾಕ್ಸ್‌ಟನ್‌ನ ಅರ್ಧ ಆಕರ್ಷಣೆ. ಆಕ್ಸ್‌ಫರ್ಡಿನ ಆರ್ವಿನ್ ದಂಪತಿ ಹಾಗೆ ಅಧ್ಯಯನ ಮಾಡಿ 1938ರಲ್ಲಿ ಪುಸ್ತಕ ತಂದ ಮೇಲೆ ಊರಿನ ಹೆಸರು ಹೊರಗೆ ಹಬ್ಬಿತು.

ಬಯಲಿನ ನಡುವೆ ಉಳದೆ ಬಿಟ್ಟ ಹುಲ್ಲಿನ ತುಂಡುಗಳು ಯಾಕೆ?

ಅವನ್ನು ಸೈಕ್ ಎನ್ನುತ್ತಾರೆ. ಇಳಿಜಾರು ಅಥವಾ ನೀರು ನಿಲ್ಲುವ ಜಾಗ, ನೇಗಿಲು ಓಡುವುದಿಲ್ಲ. ಬೇಸಿಗೆಯಲ್ಲಿ ಅಲ್ಲಿನ ಹುಲ್ಲನ್ನು ಊರಿನವರಲ್ಲೇ ಹರಾಜು ಹಾಕುತ್ತಾರೆ. ಶತಮಾನಗಳಿಂದ ನೇಗಿಲು ತಾಗದ ಕಾರಣ ಕಾಡು ಹೂಗಳು ಅಲ್ಲಿ ಉಳಿದುಕೊಂಡಿವೆ. ಇಂಗ್ಲೆಂಡಿನಲ್ಲಿ ಅಂಥ ಹುಲ್ಲುಗಾವಲು ಈಗ ಅಪರೂಪ. ಹಾಗಾಗಿ ಸರ್ಕಾರ ಅವನ್ನು ವಿಶೇಷ ವೈಜ್ಞಾನಿಕ ಮಹತ್ವದ ಜಾಗ ಎಂದು ರಕ್ಷಿಸಿದೆ.

ಜಮೀನು ಈಗ ಯಾರದು? ರೈತರದ್ದೇ ಅಲ್ವಾ?

ಅಲ್ಲ. ಬಹುಪಾಲು ರೈತರು ಗೇಣಿದಾರರು. 1952ರಲ್ಲಿ ಅರ್ಲ್ ಮ್ಯಾನ್ವರ್ಸ್ ಎಸ್ಟೇಟನ್ನು ಕೃಷಿ ಸಚಿವಾಲಯಕ್ಕೆ ಮಾರಿದರು. ಪದ್ಧತಿ ಉಳಿಯಲಿ ಎಂಬುದೇ ಉದ್ದೇಶ. 1981ರಲ್ಲಿ ಅದು ರಾಜಮನೆತನದ ಹೆಸರಿನ ಆಸ್ತಿ ನೋಡಿಕೊಳ್ಳುವ ಕ್ರೌನ್ ಎಸ್ಟೇಟ್ ಕೈಗೆ ಹೋಯಿತು. ಕ್ರೌನ್ ಎಸ್ಟೇಟ್ ಅದನ್ನು ಮಾರಲು ಹೊರಟಾಗ ಇತಿಹಾಸಪ್ರಿಯರಿಗೆ ಆತಂಕವಾಗಿತ್ತು. 2020ರಲ್ಲಿ ಕೊಂಡುಕೊಂಡದ್ದು ಪಕ್ಕದ ಥೋರ್ಸ್‌ಬಿ ಎಸ್ಟೇಟ್, ಅಂದರೆ ಮ್ಯಾನ್ವರ್ಸ್ ವಂಶದವರೇ. ಸುಮಾರು ಎಪ್ಪತ್ತು ವರ್ಷ ಸರ್ಕಾರದ ಕೈಯಲ್ಲಿದ್ದು ಊರು ಹಳೆಯ ಒಡೆಯರ ಮನೆಗೇ ವಾಪಸ್ ಹೋಯಿತು.

ರೈತರಿಗೆ ಇದರಿಂದ ಲಾಭ ಇದೆಯಾ?

ಅಷ್ಟಾಗಿ ಇಲ್ಲ. ಇವತ್ತಿನ ಯಂತ್ರಗಳನ್ನು ಮಾಡಿರುವುದು ನೂರಾರು ಎಕರೆಯ ಹೊಲಕ್ಕೆ. ಕಿರಿದಾದ ಪಟ್ಟೆಯಲ್ಲಿ ಕೊಯ್ಲಿನ ಯಂತ್ರ ತಿರುಗಿಸುವುದು, ಪಕ್ಕದವನ ಬೆಳೆಗೆ ಸಿಡಿಯದಂತೆ ಔಷಧಿ ಹೊಡೆಯುವುದು ತಲೆನೋವು. ಒಂದು ಬಯಲಿನಿಂದ ಇನ್ನೊಂದಕ್ಕೆ ಓಡಾಡುವುದರಲ್ಲೇ ಡೀಸೆಲ್ ಖರ್ಚಾಗುತ್ತದೆ. ಸರದಿ ಮೀರಿ ಲಾಭದ ಬೆಳೆ ಹಾಕುವಂತಿಲ್ಲ. ಆದರೆ ಒಬ್ಬ ರೈತನ ಇಡೀ ಜಮೀನು ಬಯಲಿನಲ್ಲೇ ಇರುವುದಿಲ್ಲ. ಬೇಲಿ ಹಾಕಿದ ಹೊಲಗಳೂ ಜೊತೆಗೆ ಇರುತ್ತವೆ, ಜೀವನ ಸಾಗುವುದು ಅದರಿಂದ. ಮುಂದಿನ ತಲೆಮಾರು ಗೇಣಿ ಹಿಡಿಯಲು ಬರಬೇಕು, ನವೆಂಬರಿನ ಕೆಸರಲ್ಲಿ ಗೂಟ ಹೊಡೆಯಲು ಬರಬೇಕು. ನನ್ನ ಪ್ರಕಾರ ಊರಿನ ನಿಜವಾದ ಚಿಂತೆ ಇದು. ಜನ ಇಲ್ಲದಿದ್ದರೆ ಕಾಯ್ದೆ ಇದ್ದೂ ಏನು ಪ್ರಯೋಜನ?

ಹೊಲ ಬಿಟ್ಟರೆ ಊರಲ್ಲಿ ಇನ್ನೇನಿದೆ?

ಮನೆಗಳನ್ನು ಗಮನಿಸಿ. ಬೇಲಿ ಬಂದ ಊರುಗಳಲ್ಲಿ ರೈತರು ತಮ್ಮ ತಮ್ಮ ಹೊಲದ ನಡುವೆ ಹೊಸ ಮನೆ ಕಟ್ಟಿಕೊಂಡು ಹೊರಟುಹೋದರು. ಇಲ್ಲಿ ಬಯಲು ಊರಿನ ಸುತ್ತ ಇರುವುದರಿಂದ ರೈತರ ಮನೆ, ಕೊಟ್ಟಿಗೆ, ಕಣಜ ಎಲ್ಲ ಬೀದಿಯಲ್ಲೇ ಒತ್ತೊತ್ತಾಗಿವೆ. ಕೆಂಪು ಇಟ್ಟಿಗೆ, ಹೆಂಚಿನ ಮಾಡು. ಹಲವು ಮನೆಗಳು ಬೀದಿಗೆ ಮುಖ ಮಾಡಿಲ್ಲ, ಪಕ್ಕದ ಗೋಡೆ ತೋರಿಸಿಕೊಂಡು ನಿಂತಿವೆ.

ಊರಿನ ಉತ್ತರಕ್ಕೆ ಕೋಟೆಯ ಜಾಗ ಇದೆ. ಕಲ್ಲಿನ ಗೋಡೆ ನಿರೀಕ್ಷಿಸಬೇಡಿ, ಉಳಿದಿರುವುದು ಮಣ್ಣಿನ ದೊಡ್ಡ ದಿಬ್ಬ ಮತ್ತು ಕಂದಕ. 1066ರಲ್ಲಿ ನಾರ್ಮನ್ನರು ಇಂಗ್ಲೆಂಡ್ ಗೆದ್ದ ಮೇಲೆ ಕಟ್ಟಿದ್ದು. 1086ರ ಡೂಮ್ಸ್‌ಡೇ ಎಂಬ ಜಮೀನಿನ ದಾಖಲೆಯಲ್ಲಿ ಊರಿನ ಒಡೆಯ ಜೆಫ್ರಿ ಆಲ್ಸೆಲಿನ್. ಅದಕ್ಕೆ ಮುಂಚೆ ಟೋಚಿ ಎಂಬವನದಾಗಿತ್ತು. ರಾಜನ ಕಾಡು ನೋಡಿಕೊಳ್ಳುವ ಅಧಿಕಾರಿಗಳು ಮುಂದೆ ಈ ಕೋಟೆಯಿಂದಲೇ ಆಡಳಿತ ನಡೆಸಿದರು.

ಸೇಂಟ್ ಮೈಕಲ್ ಚರ್ಚಿನಲ್ಲಿ ಎವರಿಂಗ್‌ಹ್ಯಾಂ ಮನೆತನದ ಸಮಾಧಿಗಳಿವೆ. ಅದರಲ್ಲಿ ಒಬ್ಬ ಹೆಂಗಸಿನ ಮಲಗಿದ ಪ್ರತಿಮೆ ಓಕ್ ಮರದ್ದು. 1341ರಲ್ಲಿ ತೀರಿಕೊಂಡ ಆಡಂ ಡಿ ಎವರಿಂಗ್‌ಹ್ಯಾಂನ ಎರಡನೇ ಹೆಂಡತಿಯದು ಎನ್ನುತ್ತಾರೆ. ಮಧ್ಯಯುಗದ ಮರದ ಪ್ರತಿಮೆ ಈ ಕೌಂಟಿಯಲ್ಲಿ ಬೇರೆಲ್ಲೂ ಉಳಿದಿಲ್ಲ.

ಊರಿನ ಹತ್ತಿರವೇ ರಾಷ್ಟ್ರೀಯ ಹಾಲೋಕಾಸ್ಟ್ ಮ್ಯೂಸಿಯಂ ಇದೆ, 1995ರಲ್ಲಿ ಶುರುವಾದದ್ದು. ಹೊಲ ನೋಡಲು ಹೋದ ದಿನವೇ ಅದನ್ನೂ ಮುಗಿಸಿಬಿಡೋಣ ಅಂದುಕೊಳ್ಳಬೇಡಿ. ಅದಕ್ಕೆ ಬೇರೆ ದಿನ ಇಟ್ಟುಕೊಳ್ಳಿ.

ಅಕ್ಕಪಕ್ಕದ ಊರುಗಳಲ್ಲಿ?

ಈಕ್ರಿಂಗ್‌ಗೆ ಹೋಗಿ. ಎರಡನೇ ಮಹಾಯುದ್ಧದಲ್ಲಿ ಅಲ್ಲಿ ಗುಟ್ಟಾಗಿ ಕಲ್ಲೆಣ್ಣೆ ತೆಗೆಯುತ್ತಿದ್ದರು. 1943ರಲ್ಲಿ ಅಮೆರಿಕದಿಂದ 42 ಕೆಲಸಗಾರರು ಬಂದರು, ಇಳಿದುಕೊಂಡದ್ದು ಕೆಲ್‌ಹ್ಯಾಂನ ಸನ್ಯಾಸಿಗಳ ಮಠದಲ್ಲಿ! ಈಕ್ರಿಂಗ್‌ನ ಚರ್ಚಿಗೆ 1670ರ ಹೊತ್ತಿಗೆ ಪಾದ್ರಿಯಾಗಿ ಬಂದವರು ವಿಲಿಯಂ ಮಾಂಪೆಸನ್. ಡರ್ಬಿಶೈರ್‌ನ ಈಮ್ ಹಳ್ಳಿಯಲ್ಲಿ ಪ್ಲೇಗ್ ಬಂದಾಗ ರೋಗ ಹೊರಗೆ ಹೋಗದಂತೆ ಇಡೀ ಊರನ್ನು ಮುಚ್ಚಿಸಿದ ವ್ಯಕ್ತಿ. ಹೊಸ ಊರಿನವರು ಹೆದರಿ ಹತ್ತಿರ ಸೇರಿಸದೆ ಇದ್ದುದರಿಂದ ಮೊದಲು ಮರದ ಕೆಳಗೆ ನಿಂತು ಉಪದೇಶ ಮಾಡಿದರು ಎಂಬ ಕಥೆ ಅಲ್ಲಿದೆ.

ಯಾವಾಗ ಹೋಗಬೇಕು? ಹೇಗೆ?

ಹೂವು ಬೇಕಾದರೆ ಜೂನ್. ಮೂರು ಬಯಲಿನ ಮೂರು ಬಣ್ಣ ಬೇರೆ ಬೇರೆಯಾಗಿ ಕಾಣಬೇಕಾದರೆ ಕಟಾವಿಗೆ ಸ್ವಲ್ಪ ಮುಂಚೆ, ಜುಲೈ ಕೊನೆ. ಜ್ಯೂರಿ ನೋಡುವ ಆಸೆ ಇದ್ದರೆ ನವೆಂಬರ್ ಕೊನೆ, ದಿನಾಂಕ ಮೊದಲೇ ವಿಚಾರಿಸಿಕೊಳ್ಳಿ. ಲಂಡನ್ನಿನಿಂದ ರೈಲಿನಲ್ಲಿ ನ್ಯೂವಾರ್ಕ್ ಅಥವಾ ರೆಟ್‌ಫರ್ಡ್‌ಗೆ ಬಂದು ಅಲ್ಲಿಂದ ಟ್ಯಾಕ್ಸಿ ಹಿಡಿಯುವುದು ಸುಲಭ. ಬಸ್ಸನ್ನು ನೆಚ್ಚಿಕೊಳ್ಳಬೇಡಿ. ಪಬ್ ಪಕ್ಕದ ಮಾಹಿತಿ ಕೇಂದ್ರದಲ್ಲಿ ನಕ್ಷೆಯ ವಿವರಗಳಿವೆ, ಅದನ್ನು ಮೊದಲು ನೋಡಿ. ಇಲ್ಲದಿದ್ದರೆ ಬಯಲು ಬರೀ ಬಯಲಾಗಿ ಕಾಣುತ್ತದೆ. ನಡೆಯುವಾಗ ಹುಲ್ಲಿನ ದಾರಿಯಲ್ಲೇ ಇರಿ, ಪಟ್ಟೆಯೊಳಗೆ ಕಾಲಿಡಬೇಡಿ. ನಾಯಿ ಇದ್ದರೆ ಹಗ್ಗ ಬಿಡಬೇಡಿ. ಮಳೆ ಬಂದ ಮರುದಿನ ಹೋಗುವುದಾದರೆ ಮೊಣಕಾಲವರೆಗಿನ ರಬ್ಬರ್ ಬೂಟು ಬೇಕೇ ಬೇಕು.